ಹನ್ನೊಂದನೆಯವಳ ಮೊಣಕಾಲು

"ಏಕವಚನದಲ್ಲೇ ಮಾತನಾಡಿಸಿ ಮೇಡಂ. ನಮ್ಮಲ್ಲಿ ಕೋಚ್ ಇದ್ದಕ್ಕಿದ್ದಂತೆ ಬಹುವಚನಕ್ಕೆ ಬಂದರೆ ಮುಂದಿನ ವರ್ಷ ಟೀಮಿನಲ್ಲಿ ನಾವಿಲ್ಲ ಎಂದರ್ಥ."

2024ರ ಜೂನ್‌ನಲ್ಲಿ ಆಪ್ತ ಸಲಹೆಗಾರ್ತಿಯಾದ ನನ್ನೆದುರು ಕುಳಿತ ಇಪ್ಪತ್ತನಾಲ್ಕರ ಹುಡುಗಿ ಆಡಿದ ಮೊದಲ ಮಾತು ಇದು. ಅವಳನ್ನು ಇಲ್ಲಿ 'ಹನ್ನೊಂದು' ಎಂದು ಕರೆಯುತ್ತೇನೆ. ಅದು ಅವಳ ಅಂಗಿಯ ಮೇಲಿದ್ದ ಸಂಖ್ಯೆಯಲ್ಲ, ಕಾರಣ ಮುಂದೆ ಬರುತ್ತದೆ. ಊರು ಮತ್ತು ಗುರುತು ಹಿಡಿಯಬಹುದಾದ ವಿವರಗಳನ್ನು ಬದಲಿಸಿದ್ದೇನೆ. ಬರೆದದ್ದನ್ನು ಅವಳಿಗೆ ತೋರಿಸಿದಾಗ ಒಂದೇ ತಿದ್ದುಪಡಿ ಹೇಳಿದಳು: "ಕಾಲ್ಚೆಂಡು ಎಂದು ಬರೆಯಬೇಡಿ ಮೇಡಂ, ಆಡುವವರು ಯಾರೂ ಹಾಗೆ ಹೇಳುವುದಿಲ್ಲ." ಹಾಗಾಗಿ ಫುಟ್‌ಬಾಲ್.

ಉತ್ತರ ಕರ್ನಾಟಕದ ಒಂದು ಪಟ್ಟಣದಲ್ಲಿ ಅಪ್ಪನದು ಹಿಟ್ಟಿನ ಗಿರಣಿ. ಹುಡುಗರ ಜೊತೆ ಆಡುತ್ತಲೇ ಜಿಲ್ಲೆ, ರಾಜ್ಯ ತಂಡಗಳನ್ನು ದಾಟಿ ದೇಶದ ಅಗ್ರ ಮಹಿಳಾ ಫುಟ್‌ಬಾಲ್ ಟೂರ್ನಿಯಾದ ಇಂಡಿಯನ್ ವುಮೆನ್ಸ್ ಲೀಗ್‌ನ ಒಂದು ಕ್ಲಬ್ ಸೇರಿದ್ದಳು. ಬೆಂಗಳೂರಿನಲ್ಲಿ ಮೂವರು ಆಟಗಾರ್ತಿಯರ ಜೊತೆ ಒಂದು ಕೋಣೆಯಲ್ಲಿ ವಾಸ. ನಿದ್ರೆ ಬರುತ್ತಿಲ್ಲ, ಊಟ ಸೇರುತ್ತಿಲ್ಲ, ಪಕ್ಕದಲ್ಲಿ ಯಾರಾದರೂ ಬೆರಳಿನ ನೆಟಿಗೆ ಮುರಿದರೂ ಬೆಚ್ಚಿಬೀಳುತ್ತಾಳೆ. ಕಳುಹಿಸಿದ ಫಿಸಿಯೋಥೆರಪಿಸ್ಟ್ ಚೀಟಿಯಲ್ಲಿ 'ಆತಂಕ' ಎಂದಷ್ಟೇ ಬರೆದಿದ್ದರು.

ನಾನೂ ಆ ಚೀಟಿಯನ್ನೇ ನಂಬಿದೆ. ಎರಡು ಭೇಟಿಗಳು ಉಸಿರಾಟದ ಅಭ್ಯಾಸ, ಮಲಗುವ ಮುನ್ನ ಮೊಬೈಲ್ ದೂರವಿಡುವುದು, ಚಿಂತೆಗಳನ್ನು ಬರೆದಿಡುವುದು ಇವುಗಳಲ್ಲೇ ಕಳೆದವು. ಅವಳು ಎಲ್ಲವನ್ನೂ ಅಚ್ಚುಕಟ್ಟಾಗಿ ಮಾಡಿಕೊಂಡು ಬಂದಳು, ಕೋಚ್ ಹೇಳಿದ ವ್ಯಾಯಾಮ ಮಾಡುವ ಹಾಗೆ. ಮಾಡಿ, ನಿದ್ರೆಯಿಲ್ಲದೆಯೇ ಬಂದಳು. ಮೂರನೆಯ ಭೇಟಿಗೆ ಪ್ಲಾಸ್ಟಿಕ್ ಕವರಿನಲ್ಲಿ ಒಂದಿಷ್ಟು ಕಾಗದ ತಂದು, "ಇದರ ಏಳನೇ ಪುಟದ ಇಂಗ್ಲಿಷ್ ಸ್ವಲ್ಪ ಬಿಡಿಸಿ ಹೇಳುತ್ತೀರಾ?" ಎಂದಳು.

ಅದು ಕ್ಲಬ್‌ನ ಜೊತೆಗಿನ ಒಪ್ಪಂದ. ತಿಂಗಳಿಗೆ ಹದಿನೈದು ಸಾವಿರದಂತೆ ಏಳು ತಿಂಗಳು. ಏಳನೇ ಪುಟದಲ್ಲಿ, ಆಟಗಾರ್ತಿ ಸತತ ಆರು ವಾರ ಆಡಲಾರದೆ ಹೋದರೆ ಕ್ಲಬ್ ಒಪ್ಪಂದ ಮುಗಿಸಬಹುದು ಎಂದಿತ್ತು. ಓದಿ ಹೇಳಿದೆ. ಅವಳು ಸ್ವಲ್ಪ ಹೊತ್ತು ಕಿಟಕಿಯ ಕಡೆ ನೋಡಿ, ನಂತರ ಎಡ ಮೊಣಕಾಲಿನ ಮೇಲೆ ಕೈಯಿಟ್ಟಳು.

ಫೆಬ್ರುವರಿಯ ಪಂದ್ಯವೊಂದರಲ್ಲಿ ಹೆಡ್ ಮಾಡಲು ಹಾರಿ ಎಡಗಾಲಿನ ಮೇಲೆ ಇಳಿದಾಗ ಒಳಗೆ ಪಟ್ ಎಂಬ ಸದ್ದಾಗಿತ್ತು. ನೆಟಿಗೆ ಮುರಿದಂಥ ಸದ್ದು. ರಾತ್ರಿಯೊಳಗೆ ಮೊಣಕಾಲು ಊದಿತು. ಉಳುಕು ಎಂದು ಸುಳ್ಳು ಹೇಳಿ, ಟೇಪ್ ಸುತ್ತಿ, ನೋವಿನ ಮಾತ್ರೆ ನುಂಗಿ ಋತುವಿನ ಉಳಿದ ಪಂದ್ಯಗಳಲ್ಲಿ ಆಡಿದಳು. ಲೀಗ್ ಮುಗಿದ ಮೇಲೆ ಸ್ವಂತ ದುಡ್ಡಿನಲ್ಲಿ ಎಂಆರ್‌ಐ ಮಾಡಿಸಿದಳು. ಮೊಣಕಾಲಿನ ಮೂಳೆಗಳನ್ನು ಹಿಡಿದಿಡುವ ಎಸಿಎಲ್ ಎಂಬ ಲಿಗಮೆಂಟ್ ಹರಿದಿತ್ತು. ನಾಲ್ಕು ತಿಂಗಳು ಅದನ್ನು ಒಬ್ಬಳೇ ಹೊತ್ತಿದ್ದಳು.

ಇದನ್ನು ಆತಂಕ ಎಂದು ಕರೆದದ್ದಕ್ಕೆ ನನಗೇ ನಾಚಿಕೆಯಾಯಿತು. ಅವಳಿಗಿದ್ದ ಭಯ ಕಾಯಿಲೆಯಾಗಿರಲಿಲ್ಲ, ಸರಿಯಾಗಿ ಕೂಡಿಸಿದ ಲೆಕ್ಕವಾಗಿತ್ತು. 2022-23ರ ಋತುವಿನಲ್ಲಿ ಹದಿನಾರು ತಂಡಗಳ ಇಡೀ ಲೀಗ್ ಅಹಮದಾಬಾದ್‌ನಲ್ಲಿ ಏಪ್ರಿಲ್ ಕೊನೆಗೆ ಆರಂಭವಾಗಿ ಮೇ 21ಕ್ಕೆ ಮುಗಿದುಹೋಯಿತು. ಒಂದು ತಿಂಗಳೂ ಇಲ್ಲ. ಫೈನಲ್‌ನಲ್ಲಿ ನಮ್ಮ ಬೆಂಗಳೂರಿನ ಕಿಕ್‌ಸ್ಟಾರ್ಟ್ ತಂಡ ಗೋಕುಲಂ ಕೇರಳಕ್ಕೆ ಐದು ಗೋಲುಗಳಿಂದ ಸೋತಿತು. ಮರುವರ್ಷ ತವರು ಮತ್ತು ಎದುರಾಳಿಯ ಅಂಗಳ ಎರಡರಲ್ಲೂ ಆಡುವ ಪದ್ಧತಿ ಬಂತು, ಅದು ಒಳ್ಳೆಯದೇ. ಆದರೆ ತಂಡಗಳು ಏಳಕ್ಕಿಳಿದವು. ಒಬ್ಬಳ ಪಾಲಿಗೆ ಹೆಚ್ಚೆಂದರೆ ಹನ್ನೆರಡು ಪಂದ್ಯ. ಆ ಹನ್ನೆರಡು ಪಂದ್ಯಗಳಿಗಾಗಿ ವರ್ಷವಿಡೀ ಮೈ ಕಾಯ್ದುಕೊಳ್ಳಬೇಕು. ಪ್ರತಿ ಕ್ಲಬ್ ಕನಿಷ್ಠ ಹತ್ತು ಭಾರತೀಯ ಆಟಗಾರ್ತಿಯರಿಗೆ ವರ್ಷಕ್ಕೆ 3.2 ಲಕ್ಷ ರೂಪಾಯಿಯ ಕನಿಷ್ಠ ವೇತನ ಕೊಡಬೇಕೆಂಬ ಯೋಜನೆಯನ್ನು ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ 2023ರಲ್ಲಿ ಪ್ರಕಟಿಸಿತ್ತು. ಅದರ ಬಗ್ಗೆ ಕೇಳಿದಾಗ ನಕ್ಕಳು. "ಆ ಹತ್ತರಲ್ಲಿ ನಾನಿಲ್ಲ ಮೇಡಂ. ನಾನು ಹನ್ನೊಂದನೆಯವಳು."

ಇಷ್ಟೇ ಆಗಿದ್ದರೆ 'ಶಸ್ತ್ರಚಿಕಿತ್ಸೆ ಮಾಡಿಸಿಕೊ' ಎನ್ನುವುದು ಸುಲಭವಿತ್ತು. ಅಕ್ಟೋಬರ್‌ಗೆ ಅವಳಿಗೆ ಇಪ್ಪತ್ತೈದು ತುಂಬುತ್ತಿತ್ತು. ರೈಲ್ವೆಯ ಕ್ರೀಡಾ ಕೋಟಾ ನೇಮಕಾತಿಗೆ ವಯಸ್ಸು ಹದಿನೆಂಟರಿಂದ ಇಪ್ಪತ್ತೈದು, ಸಡಿಲಿಕೆಯಿಲ್ಲ. ಈ ಸುತ್ತು ತಪ್ಪಿದರೆ ಬಾಗಿಲು ಮುಚ್ಚಿದಂತೆಯೇ. ನಮ್ಮ ದೇಶದಲ್ಲಿ ಫುಟ್‌ಬಾಲ್ ಆಡುವ ಹುಡುಗಿಯ ಮನೆಯವರಿಗೆ ಲೀಗ್‌ಗಿಂತ ಈ ನೌಕರಿಯೇ ದೊಡ್ಡ ಕಪ್, ಅದರಲ್ಲಿ ತಪ್ಪೇನಿಲ್ಲ. ಲೀಗ್ ಏಳು ತಿಂಗಳು ಸಂಬಳ ಕೊಟ್ಟರೆ ರೈಲ್ವೆ ಅರವತ್ತು ವರ್ಷದವರೆಗೆ ಕೊಡುತ್ತದೆ.

ಮುಂದಿನ ಭೇಟಿಗೆ ಅಪ್ಪನನ್ನು ಕರೆಸಿಕೊಂಡೆ. ಬಿಳಿ ಅಂಗಿ ತೊಟ್ಟು ಬಂದಿದ್ದರು, ಮೊಣಕೈಯ ಮಡಿಕೆಯಲ್ಲಿ ಮಾತ್ರ ಜೋಳದ ಹಿಟ್ಟು ಉಳಿದಿತ್ತು. ಎಂಆರ್‌ಐ ವಿಷಯ ಮಗಳೇ ಹೇಳಿದಳು. ಅವರು ಕೂಗಾಡಲಿಲ್ಲ. ಯೋಚಿಸಿ ಹೇಳಿದರು: "ರೈಲ್ವೆಯ ಆಯ್ಕೆ ಟ್ರಯಲ್ಸ್ ಎರಡು ಮೂರು ದಿನದ್ದು. ಹಲ್ಲು ಕಚ್ಚಿ ಆಡಿಬಿಡಲಿ. ನೌಕರಿ ಸಿಕ್ಕ ಮೇಲೆ ರೈಲ್ವೆ ಆಸ್ಪತ್ರೆಯಲ್ಲೇ ಆಪರೇಷನ್ ಆದೀತು. ಇಲ್ಲಿ ಎರಡೂಕಾಲು ಲಕ್ಷ ಕೇಳುತ್ತಾರೆ."

ಆ ಕ್ಷಣ ನನಗೂ ಅದು ಜಾಣ ಮಾತೆನಿಸಿತು. ಗಾಯ ಮುಚ್ಚಿಟ್ಟು ಆಡುವುದು ತಪ್ಪು ಎಂದು ಸಲಹೆಗಾರ್ತಿಯ ಕುರ್ಚಿಯಲ್ಲಿ ಕುಳಿತು ಹೇಳಬಹುದು, ನನ್ನ ಸಂಬಳ ಮೊಣಕಾಲಿನ ಮೇಲೆ ನಿಂತಿಲ್ಲವಲ್ಲ. ಆದ್ದರಿಂದ ತೀರ್ಪು ಕೊಡಲಿಲ್ಲ. ಇಬ್ಬರೂ ಒಟ್ಟಿಗೆ ಮೂಳೆ ತಜ್ಞರ ಬಳಿ ಹೋಗಿ ಒಂದೇ ಪ್ರಶ್ನೆ ಕೇಳಿಬನ್ನಿ ಎಂದೆ: 'ಈ ಕಾಲಿನಲ್ಲೇ ಟ್ರಯಲ್ಸ್ ಆಡಿದರೆ, ಈಗಾಗಲೇ ಹಾಳಾದದ್ದನ್ನು ಬಿಟ್ಟು ಇನ್ನೇನು ಹಾಳಾಗಬಹುದು?' ಪ್ರಶ್ನೆಯನ್ನು ಚೀಟಿಯಲ್ಲಿ ಬರೆದೇ ಕೊಟ್ಟೆ. ವೈದ್ಯರ ಮುಂದೆ ಹೆಚ್ಚಿನವರು 'ಆಡಬಹುದಾ, ಬಾರದಾ' ಎಂದಷ್ಟೇ ಕೇಳಿ ಹೊರಬರುತ್ತಾರೆ.

ವಾರದ ನಂತರ ಅಪ್ಪನೇ ಫೋನ್ ಮಾಡಿದರು. ಲಿಗಮೆಂಟ್ ಇಲ್ಲದ ಮೊಣಕಾಲು ಓಟದ ನಡುವೆ ತಿರುಗುವಾಗ ಜಾರುತ್ತದೆ, ಜಾರಿದಾಗ ನಡುವಿನ ಮೆತ್ತೆಯಂಥ ಮೆನಿಸ್ಕಸ್ ಹರಿಯಬಹುದು, ಮೂಳೆಯ ತುದಿಯ ಮೃದ್ವಸ್ಥಿ ಸವೆಯಬಹುದು, ಹಾಗಾದರೆ ಆಟ ಬಿಟ್ಟ ಮೇಲೂ ಸಂಧಿವಾತ ಕಾಡಬಹುದು ಎಂದಿದ್ದರಂತೆ ವೈದ್ಯರು. ಲಿಗಮೆಂಟ್ ಅನ್ನು ಮತ್ತೆ ಕಟ್ಟಬಹುದು, ಸವೆದ ಮೃದ್ವಸ್ಥಿಯನ್ನು ಮೊದಲಿನಂತೆ ಮಾಡುವುದು ಕಷ್ಟ. "ಬೆಲ್ಟು ಹೋದರೆ ಬೆಲ್ಟು ಹಾಕಬಹುದು ಮೇಡಂ. ಹರಿದ ಬೆಲ್ಟಿನಲ್ಲೇ ಓಡಿಸಿ ಬೇರಿಂಗ್ ಹೋದರೆ ಗಿರಣಿಯೇ ನಿಲ್ಲುತ್ತದೆ. ಅವಳು ಟ್ರಯಲ್ಸ್‌ಗೆ ಹೋಗುವುದಿಲ್ಲವಂತೆ." ಕೊನೆಯ ವಾಕ್ಯ ಹೇಳುವಾಗ ಅವರ ದನಿ ಇಳಿದಿತ್ತು.

ಅಲ್ಲಿಂದ ನಾನು ಕೊಟ್ಟ ಸಲಹೆಗಳಲ್ಲಿ ಅರ್ಧದಷ್ಟು ಮನಸ್ಸಿಗೆ ಸಂಬಂಧಿಸಿದವಲ್ಲ. ಕ್ಲಬ್‌ಗೆ ಬಾಯಿಮಾತಿನಲ್ಲಿ ಏನನ್ನೂ ಹೇಳಬೇಡ, ಇಮೇಲ್ ಬರೆ ಎಂದೆ. ಯಾವ ದಿನ, ಯಾವ ಪಂದ್ಯ, ಎಷ್ಟನೇ ನಿಮಿಷ, ಜೊತೆಗೆ ಎಂಆರ್‌ಐ ವರದಿ. ಮುಚ್ಚಿಟ್ಟ ನಿನ್ನ ತಪ್ಪನ್ನೂ ಅದರಲ್ಲೇ ಒಪ್ಪಿಕೋ, ಬೇರೆಯವರು ಕಂಡುಹಿಡಿದರೆ ಅದೇ ಅಸ್ತ್ರವಾಗುತ್ತದೆ. ಒಪ್ಪಂದದ ನಡುವೆ ಗಾಯವೊಂದನ್ನೇ ನೆಪ ಮಾಡಿ ಆಟಗಾರರನ್ನು ಕೈಬಿಡುವುದನ್ನು ವಿಶ್ವ ಫುಟ್‌ಬಾಲ್ ಸಂಸ್ಥೆ ಫಿಫಾದ ತೀರ್ಪುಗಳು ಸಾಮಾನ್ಯವಾಗಿ ಒಪ್ಪುವುದಿಲ್ಲ. ಆಟಗಾರರ ಸಂಘವೊಂದು ನಮ್ಮ ದೇಶದಲ್ಲೂ ಇದೆ, ಅವರನ್ನು ಕೇಳು ಎಂದೆ. ಐಸ್‌ಲ್ಯಾಂಡ್‌ನ ಆಟಗಾರ್ತಿ ಸಾರಾ ಬ್ಯೋರ್ಕ್ ಗುನ್ನರ್ಸ್‌ಡಾಟಿರ್ ಗರ್ಭಿಣಿಯಾಗಿದ್ದಾಗ ಫ್ರಾನ್ಸ್‌ನ ಲಿಯಾನ್ ಕ್ಲಬ್ ಪೂರ್ತಿ ಸಂಬಳ ಕೊಡದಿದ್ದಕ್ಕೆ ಫಿಫಾದ ಮುಂದೆ ಹೋಗಿ 82 ಸಾವಿರ ಯೂರೋಗೂ ಹೆಚ್ಚು ಪಡೆದ ಕಥೆ ಅವಳಿಗೆ ಗೊತ್ತಿರಲಿಲ್ಲ. ಕೇಳಿ ಕಣ್ಣರಳಿಸಿದಳು, ನಂತರ "ಅವರ ಹಿಂದೆ ಹೆಸರಿತ್ತು" ಎಂದಳು. ಅದೂ ನಿಜ. ಇವಳ ಮೂರನೆಯ ಇಮೇಲ್‌ಗೆ ಕ್ಲಬ್ ಚಿಕಿತ್ಸೆಯ ಅರ್ಧ ಖರ್ಚು ಕೊಡಲು ಒಪ್ಪಿತು. ಒಪ್ಪಂದವನ್ನು ಮಾತ್ರ ನವೀಕರಿಸಲಿಲ್ಲ. ಉಳಿದರ್ಧ ಅಪ್ಪನ ಚೀಟಿ ಹಣ.

ಆಗಸ್ಟ್‌ನಲ್ಲಿ ಶಸ್ತ್ರಚಿಕಿತ್ಸೆಯಾಯಿತು. ಅವಳು ಕ್ಯಾಲೆಂಡರ್‌ನಲ್ಲಿ ಆರನೇ ತಿಂಗಳಿಗೆ ಸುತ್ತು ಹಾಕಿದ್ದಳು, ನಾನು ಅಳಿಸಿಹಾಕಿಸಿದೆ. ಒಂಬತ್ತು ತಿಂಗಳಿಗೆ ಮೊದಲು ಪಂದ್ಯಕ್ಕಿಳಿದವರಲ್ಲಿ ಮರುಗಾಯ ಹೆಚ್ಚು, ಅಲ್ಲದೆ ತಾರೀಖು ಬಂತೆಂದು ಕಾಲು ಬಲಿಯುವುದಿಲ್ಲ. ಅವಳ ಗೋಡೆಯ ಮೇಲಿದ್ದ ಸ್ಪೇನ್ ಆಟಗಾರ್ತಿ ಅಲೆಕ್ಸಿಯಾ ಪುಟೆಯಾಸ್ ಚಿತ್ರವನ್ನೇ ಸಾಕ್ಷಿಯಾಗಿ ಕರೆದೆ. 2022ರ ಜುಲೈನಲ್ಲಿ, ಯೂರೋ ಟೂರ್ನಿಯ ಹೊಸ್ತಿಲಲ್ಲಿ ಅದೇ ಲಿಗಮೆಂಟ್ ಹರಿದುಕೊಂಡ ಆಕೆ ಮರಳಿದ್ದು 2023ರ ಏಪ್ರಿಲ್ ಕೊನೆಗೆ. ಅದೇ ವರ್ಷದ ಆಗಸ್ಟ್‌ನಲ್ಲಿ ಸ್ಪೇನ್ ವಿಶ್ವಕಪ್ ಗೆದ್ದಿತು. ಬಾರ್ಸಿಲೋನಾದ ಇಡೀ ವೈದ್ಯರ ತಂಡ ಬೆನ್ನಿಗಿದ್ದವಳಿಗೇ ಸುಮಾರು ಹತ್ತು ತಿಂಗಳು ಬೇಕಾಯಿತಲ್ಲ, ನಿನಗೇಕೆ ಅವಸರ?

ಐದನೇ ತಿಂಗಳಿಗೆ ಹಾರಿ ಇಳಿಯುವ ವ್ಯಾಯಾಮಕ್ಕೆ ಕಾಲು ಸಿದ್ಧವಾಗಿತ್ತು, ಮನಸ್ಸು ಆಗಿರಲಿಲ್ಲ. ಒಂದಡಿ ಎತ್ತರದ ಪೆಟ್ಟಿಗೆಯಿಂದ ಎಡಗಾಲಿನ ಮೇಲೆ ಇಳಿಯಬೇಕು, ಅವಳು ತುದಿಯಲ್ಲಿ ನಿಂತು ಬೆವರುತ್ತಿದ್ದಳು. ಕಾಡುತ್ತಿದ್ದುದು ನೋವಲ್ಲ, ಆ ಸದ್ದು. ಫಿಸಿಯೋ ಜೊತೆ ಮಾತನಾಡಿ ಒಂದು ಉಪಾಯ ಮಾಡಿದೆವು: ಇಳಿಯುವ ಮುನ್ನ ಅವಳೇ ತನ್ನ ಬೆರಳಿನ ನೆಟಿಗೆ ಮುರಿಯಬೇಕು. ಸದ್ದು ಮೊದಲೇ ಬರಲಿ, ಅವಳ ಕೈಯಿಂದಲೇ ಬರಲಿ. ಮೊದಲ ದಿನ ಪೆಟ್ಟಿಗೆಯೇ ಇಲ್ಲ, ನೆಲದ ಮೇಲೆ ನಿಂತು ನೆಟಿಗೆಯಷ್ಟೇ. ಆಮೇಲೆ ನಾಲ್ಕು ಇಂಚು, ಆರು ಇಂಚು. ಒಂದಡಿಗೆ ಏಳು ವಾರ ಹಿಡಿಯಿತು.

ಆ ತಿಂಗಳುಗಳಲ್ಲೇ ಫೆಡರೇಷನ್‌ನ ಡಿ ಲೈಸೆನ್ಸ್ ಕೋಚಿಂಗ್ ತರಬೇತಿ ಮುಗಿಸು ಎಂದಿದ್ದೆ. 'ಆಟ ಮುಗಿಯಿತು ಎನ್ನುತ್ತಿದ್ದೀರಾ?' ಎಂದು ಸಿಟ್ಟಾಗಿ ಎರಡು ವಾರ ಬರಲಿಲ್ಲ. ಬಂದಾಗ ಅರ್ಜಿ ತುಂಬಿದ್ದಳು. ಈಗ ಒಂದು ಶಾಲೆಯಲ್ಲಿ ವಾರಕ್ಕೆ ಮೂರು ಸಂಜೆ ಮಕ್ಕಳಿಗೆ ಆಡಿಸುತ್ತಾಳೆ. ಮದುವೆಯ ಮಾತು ಊರಿನಿಂದ ಬರುತ್ತಲೇ ಇದೆ. ಮೊಣಕಾಲನ್ನು ನೆಪವಾಗಿ ಮುಂದಿಡಬೇಡ, ಬೇಡವಾದರೆ ಬೇಡ ಎಂದೇ ಹೇಳು ಎಂದಿದ್ದೇನೆ. ಹೇಳಿದಳೋ ಇಲ್ಲವೋ, ನಾನು ಕೇಳಿಲ್ಲ.

2025ರ ಜುಲೈ 5ರ ರಾತ್ರಿ ಅವಳ ಸಂದೇಶ ಬಂತು. ಚಿಯಾಂಗ್ ಮಾಯ್‌ನಲ್ಲಿ ಭಾರತ ಥಾಯ್ಲೆಂಡನ್ನು 2-1ರಿಂದ ಸೋಲಿಸಿ ಏಷ್ಯಾ ಕಪ್‌ಗೆ ಅರ್ಹತೆ ಪಡೆದಿತ್ತು, ಅರ್ಹತಾ ಸುತ್ತು ದಾಟಿ ಹೋಗುವುದು ಅದೇ ಮೊದಲು. ಎರಡೂ ಗೋಲು ಸಂಗೀತಾ ಬಾಸ್ಫೋರ್ ಅವರದು. ಸಂದೇಶದಲ್ಲಿ ಆ ಗೋಲುಗಳ ಬಗ್ಗೆ ಒಂದೂ ಮಾತಿರಲಿಲ್ಲ. "ನಾಳೆ ನನ್ನ ಮೊದಲ ಅಭ್ಯಾಸ ಪಂದ್ಯ. ಇಪ್ಪತ್ತು ನಿಮಿಷ ಮಾತ್ರ" ಎಂದಿತ್ತು.

ಸೆಪ್ಟೆಂಬರ್‌ನಲ್ಲಿ ಬೇರೊಂದು ಕ್ಲಬ್ ಸೇರಿದಳು. ಸಂಬಳ ಮೊದಲಿಗಿಂತ ಕಡಿಮೆ. ಫೋನಿನಲ್ಲಿ ದನಿ ಅಳುಕುತ್ತಿತ್ತು: "ಇಲ್ಲಿನ ಕೋಚ್ ಮೊದಲ ದಿನದಿಂದಲೇ ಬಹುವಚನ ಮೇಡಂ."

"ಎಲ್ಲರಿಗೂ ಹಾಗೆಯೋ, ನಿನಗೆ ಮಾತ್ರವೋ?"

"ಎಲ್ಲರಿಗೂ. ಚೆಂಡು ಹೆಕ್ಕಿಕೊಡುವ ಹುಡುಗನಿಗೂ."

"ಒಪ್ಪಂದದಲ್ಲಿ ಗಾಯದ ವಿಷಯ ಎಷ್ಟನೇ ಪುಟದಲ್ಲಿದೆ?"

"ಐದನೇ ಪುಟ. ಹನ್ನೆರಡು ವಾರ ಎಂದಿತ್ತು, ವಿಮೆ ಇರಲಿಲ್ಲ. ಸೇರಿಸಿಕೊಟ್ಟ ಮೇಲೆ ಸಹಿ ಹಾಕಿದೆ."