ಮೆಕ್ಸಿಕೋ ಚರಿತ್ರೆ ಓದಿಕೊಂಡೇ ಈ ಸಿನಿಮಾ ನೋಡಬೇಕಾ?

ಮೆಕ್ಸಿಕೋದ ನಿರ್ದೇಶಕ ಇನ್ಯಾರಿತು ಅವರ 2022ರ 'ಬಾರ್ಡೋ' ತಲೆಬುಡ ಅರ್ಥವಾಗಲಿಲ್ಲ, 'ಲಾ ಫಾರ್ಮುಲಾ ಸೆಕ್ರೆತಾ' ನೋಡುವ ಮೊದಲು ಮೆಕ್ಸಿಕೋ ಚರಿತ್ರೆ ಓದಿಕೊಳ್ಳಲಾ ಅಂತ ಕೇಳಿದ್ದೀರಿ. ಬೇಡ. ನಾನು ಓದಿಕೊಂಡೇ ಕೆಟ್ಟವನು.

ನಮ್ಮದೊಂದು ಸಣ್ಣ ಗುಂಪಿತ್ತು. ಭಾನುವಾರ ಸಂಜೆ ಯಾರದಾದರೂ ಮನೆಯಲ್ಲಿ ಸಿನಿಮಾ. ನನ್ನ ಸರದಿ ಬಂದಾಗ ರೂಬೆನ್ ಗಾಮೆಸ್ 1965ರಲ್ಲಿ ಮಾಡಿದ 'ಲಾ ಫಾರ್ಮುಲಾ ಸೆಕ್ರೆತಾ' ಹಾಕಿದೆ. ಒಂದು ಗಂಟೆಯೂ ಇಲ್ಲ, ಕಥೆಯೂ ಇಲ್ಲ. ರೋಗಿಯೊಬ್ಬನಿಗೆ ರಕ್ತದ ಬದಲು ಕೋಕಾ-ಕೋಲಾ ಏರಿಸುತ್ತಾರೆ. ಎಲ್ಲರೂ ನಕ್ಕರು. ಆಗ ಸುಮ್ನೆ ಇರಬೇಕಿತ್ತು ಅಲ್ವಾ? ನಾನು ನಿಲ್ಲಿಸಿ, ಅಮೆರಿಕದ ಬಂಡವಾಳದ ಬಗ್ಗೆ ಪಾಠ ಶುರು ಮಾಡಿದೆ.

ಆಮೇಲೆ ಚಾರ್ರೋ, ಅಂದರೆ ಮೆಕ್ಸಿಕೋದ ಸಾಂಪ್ರದಾಯಿಕ ಕುದುರೆ ಸವಾರ, ಬಂದ. ದೊಡ್ಡ ಟೋಪಿ, ಕುದುರೆ. ಅಲ್ಲಿನ ಹಳೆಯ ಸಿನಿಮಾಗಳಲ್ಲಿ ಅವನೇ ಹಾಡುವ ಹೀರೋ, ದೇಶದ ಗುರುತು. ಗಾಮೆಸ್ ಅವನನ್ನು ನಗರದ ಬೀದಿಗೆ ಬಿಟ್ಟು, ಸೂಟು ಹಾಕಿದವನೊಬ್ಬನನ್ನು ದನಕ್ಕೆ ಹಗ್ಗ ಬೀಸಿದ ಹಾಗೆ ಹಿಡಿಸುತ್ತಾನೆ. ನೋಡಿದರೇ ಸಾಕು, ತಿಳಿಯುತ್ತದೆ. ನಾನು ಅಲ್ಲೂ ನಿಲ್ಲಿಸಿದೆ.

ನಿಜವಾಗಿ ಹಾಳು ಮಾಡಿದ್ದು ರೈತನ ದೃಶ್ಯವನ್ನು. ಒಣ ಬಯಲಲ್ಲಿ ಒಬ್ಬ ನಿಂತು ಕ್ಯಾಮೆರಾವನ್ನೇ ದಿಟ್ಟಿಸುತ್ತಾನೆ. ಕ್ಯಾಮೆರಾ ಪಕ್ಕಕ್ಕೆ ಹೊರಳಿದರೆ ಅವನೂ ಸರಿದು ಮತ್ತೆ ಎದುರಿಗೇ ಬರುತ್ತಾನೆ. ಹಿನ್ನೆಲೆಯಲ್ಲಿ ಮೆಕ್ಸಿಕೋದ ಲೇಖಕ ಹುವಾನ್ ರುಲ್ಫೋ ಬರೆದ ಮಾತುಗಳನ್ನು ಕವಿ ಹೈಮೆ ಸಾಬಿನೆಸ್ ಓದುತ್ತಿರುತ್ತಾರೆ. 1910ರ ಕ್ರಾಂತಿ ನಿಮಗಾಗಿಯೇ ಆಯಿತು ಅಂತ ಸರ್ಕಾರ ಹೇಳುತ್ತಲೇ ಬಂದ ಜನ ಇವರು, ಹೊಟ್ಟೆ ಮಾತ್ರ ಖಾಲಿ. ಕಣ್ಣು ತಪ್ಪಿಸಲು ಬಿಡುವುದಿಲ್ಲ ಅನ್ನುವುದೇ ಆ ದೃಶ್ಯದ ಜೀವ. ನಾನು ಏನು ಮಾಡಿದೆ? ಅವನನ್ನು ಪರದೆ ಮೇಲೆ ನಿಲ್ಲಿಸಿಬಿಟ್ಟು, ಎಲ್ಲರೂ ನನ್ನ ಮುಖ ನೋಡುವ ಹಾಗೆ ಮಾಡಿದೆ. ರುಲ್ಫೋ ಯಾರು, ಏನು ಬರೆದರು, ಎಲ್ಲ ಒಪ್ಪಿಸಿದೆ. ರಿಮೋಟ್ ಬೇರೆಯವರ ಕೈಯಲ್ಲಿ ಇದ್ದಿದ್ದರೆ ಗುಂಪು ಉಳಿಯುತ್ತಿತ್ತೇನೋ. ಮುಂದಿನ ಭಾನುವಾರಗಳಿಗೆ ಒಬ್ಬೊಬ್ಬರಿಗೂ ಒಂದೊಂದು ಕೆಲಸ ಬಂತು.

ಈ ಚಿತ್ರಕ್ಕೆ 1965ರಲ್ಲಿ ಅಲ್ಲಿನ ಸಿನಿಮಾ ಕಾರ್ಮಿಕರ ಸಂಘ ನಡೆಸಿದ ಮೊದಲ ಪ್ರಯೋಗಾತ್ಮಕ ಸ್ಪರ್ಧೆಯಲ್ಲಿ ಮೊದಲ ಬಹುಮಾನ ಬಂತು. ಇಷ್ಟು ಗೊತ್ತಿದ್ದರೆ ಜಾಸ್ತಿಯೇ ಆಯಿತು.

ಇದಾದ ಮೇಲೆ ಹೊಡೊರೊವ್‌ಸ್ಕಿಯ 1973ರ 'ದಿ ಹೋಲಿ ಮೌಂಟನ್' ನೋಡಿ. ಸ್ಪೇನಿನವರು ಮೆಕ್ಸಿಕೋ ಗೆದ್ದದ್ದನ್ನು ಕಪ್ಪೆಗಳು, ಗೋಸುಂಬೆಗಳು ಆಡಿ ತೋರಿಸುತ್ತವೆ. ಅಸಹ್ಯವೂ ಹೌದು, ನಗುವೂ ಬರುತ್ತದೆ. 'ಬಾರ್ಡೋ'ದಲ್ಲಿ ಹೆಣಗಳ ರಾಶಿ ಮೇಲೆ, ಆ ಸ್ಪೇನಿನವರ ದಂಡನಾಯಕ ಕೊರ್ತೆಸ್ ಕೂತಿರುತ್ತಾನಲ್ಲ, ಅದಕ್ಕೆ ಆಮೇಲೆ ವಾಪಸ್ ಬನ್ನಿ. ನನಗೆ 'ಬಾರ್ಡೋ' ಸ್ವಲ್ಪ ಮಾತು ಜಾಸ್ತಿ ಆದ ಸಿನಿಮಾ ಅನಿಸುತ್ತದೆ, ಆ ದೃಶ್ಯ ಒಂದನ್ನು ಬಿಟ್ಟು.

ಗಾಮೆಸ್ ಚಿತ್ರಕ್ಕೆ ಮಾತ್ರ ಸಬ್‌ಟೈಟಲ್ ಇರುವ ಪ್ರತಿಯನ್ನೇ ಹುಡುಕಿ. ಸ್ಪ್ಯಾನಿಷ್ ಬಾರದೆ ರುಲ್ಫೋ ಮಾತು ತಪ್ಪಿಹೋದರೆ ಅರ್ಧ ಸಿನಿಮಾ ಹೋಯಿತು.