ಪಾಯಸದ ಕೊಳಗ ಉರುಳಿದ್ದು ಹೇಗೆ?

ಪ್ರಶ್ನೆ: ನಾದಿನಿಯ ಮದುವೆಯಲ್ಲಿ ನಾನೂ ಓರಗಿತ್ತಿಯೂ ಪಾಯಸದ ಕೊಳಗ ಹಿಡಿದು ಪಂಕ್ತಿಗೆ ಹೋಗುವಾಗ ಅದು ಉರುಳಿತು. ‘ಇವಳೇ ಕೈಬಿಟ್ಟಳು, ಕಣ್ಣಾರೆ ಕಂಡಿದ್ದೀನಿ’ ಅಂತ ಅತ್ತೆ ಇವತ್ತಿಗೂ ಹೇಳುತ್ತಾರೆ. ಅವರು ಹಿಂದೆ ಒಲೆ ಹತ್ತಿರ ಇದ್ದರು. ನೆಲ ಜಾರಿತು ಅನ್ನೋದಷ್ಟೇ ನನ್ನ ನೆನಪು. ಅತ್ತೆ ಸುಳ್ಳು ಹೇಳುತ್ತಿದ್ದಾರಾ?
— ಓದುಗರೊಬ್ಬರು, ಹಾಸನ

ಉತ್ತರ: ಇಲ್ಲ ಅಂತಲೇ ನನ್ನ ನಂಬಿಕೆ. ನೀವೂ ಸುಳ್ಳು ಹೇಳುತ್ತಿಲ್ಲ.

ನಾನು ಮನಶ್ಶಾಸ್ತ್ರದ ಪಾಠ ಮಾಡುತ್ತಿದ್ದಾಗ ತಪ್ಪದೆ ಹೇಳುತ್ತಿದ್ದ ಪ್ರಯೋಗವೊಂದಿದೆ. ಅಮೆರಿಕದ ಎಲಿಜಬೆತ್ ಲಾಫ್ಟಸ್ ಮತ್ತು ಜಾನ್ ಪಾಮರ್ 1974ರಲ್ಲಿ ಪ್ರಕಟಿಸಿದ್ದು. 150 ವಿದ್ಯಾರ್ಥಿಗಳಿಗೆ ಕಾರು ಅಪಘಾತದ ಚಿಕ್ಕ ಫಿಲ್ಮ್ ತೋರಿಸಿದರು. 50 ಜನರನ್ನು ‘ಕಾರುಗಳು ಡಿಕ್ಕಿ ಹೊಡೆದಾಗ ಎಷ್ಟು ಸ್ಪೀಡ್ ಇತ್ತು?’ ಎಂದು ಕೇಳಿದರು. ಇನ್ನು 50 ಜನರಿಗೆ ‘ಅಪ್ಪಳಿಸಿ ನುಚ್ಚುನೂರಾದಾಗ’ ಅನ್ನುವಂಥ ಜೋರಿನ ಪದ. ಉಳಿದವರಿಗೆ ಸ್ಪೀಡಿನ ಪ್ರಶ್ನೆಯೇ ಇಲ್ಲ. ವಾರ ಕಳೆದು ಎಲ್ಲರನ್ನೂ ಕೇಳಿದರು: ಒಡೆದ ಗಾಜು ನೋಡಿದಿರಾ? ಫಿಲ್ಮಿನಲ್ಲಿ ಒಡೆದ ಗಾಜೇ ಇರಲಿಲ್ಲ. ಆದರೂ ಜೋರಿನ ಪದ ಕೇಳಿಸಿಕೊಂಡಿದ್ದ 16 ಜನ ‘ನೋಡಿದೆವು’ ಅಂದರು. ‘ಡಿಕ್ಕಿ’ ಗುಂಪಿನಲ್ಲಿ 7, ಏನೂ ಕೇಳದವರಲ್ಲಿ 6. ಒಂದೇ ಒಂದು ಪದ ಅಷ್ಟು ಕೆಲಸ ಮಾಡಿತ್ತು!

ನಿಮ್ಮ ಮನೆಯಲ್ಲಿ ಆ ಮಾತು ಎಷ್ಟು ಹಬ್ಬಗಳಲ್ಲಿ ಬಂದಿರಬೇಕು ಯೋಚಿಸಿ. ‘ಕೈಬಿಟ್ಟಳು’ ಅಂದಾಗಲೆಲ್ಲ ಅತ್ತೆಯವರ ಕಣ್ಣ ಮುಂದೆ ನಿಮ್ಮ ಕೈಯೇ ಬರುತ್ತದೆ. ‘ಜಾರಿತು’ ಅಂದಾಗ ನಿಮಗೆ ಕಾಣೋದು ಒದ್ದೆ ನೆಲ. ನಿಂತ ಜಾಗವೂ ಬೇರೆ, ಅಲ್ವಾ? ಒಲೆ ಕಡೆಯಿಂದ ನೋಡಿದವರಿಗೆ ನಿಮ್ಮ ಬೆನ್ನು ಕಂಡಿರುತ್ತದೆ, ಕಾಲ ಕೆಳಗಿನ ನೀರು ಕಂಡಿರಲಿಕ್ಕಿಲ್ಲ. ಅವರ ಗಟ್ಟಿ ದನಿ ಕೇಳಿ ಹೆದರಬೇಡಿ. ತಪ್ಪು ನೆನಪನ್ನೂ ಜನ ಅಷ್ಟೇ ಖಚಿತವಾಗಿ ಹೇಳುತ್ತಾರೆ. ನಿಮ್ಮ ನೆನಪಿಗೂ ಈ ಮಾತು ಸಲ್ಲುತ್ತದೆ.

ಇಷ್ಟು ವರ್ಷ ಒಬ್ಬರೇ ಆ ಮಾತು ಹೊತ್ತಿದ್ದೀರಿ, ಅದು ನ್ಯಾಯವಲ್ಲ. ಕೊಳಗದ ಇನ್ನೊಂದು ಬಳೆ ಹಿಡಿದಿದ್ದ ಓರಗಿತ್ತಿಯನ್ನು ಯಾರೂ ಕೇಳಿದಂತಿಲ್ಲ. ಅತ್ತೆ ಇಲ್ಲದಾಗ ಕೇಳಿ. ‘ನಾನು ಕೈಬಿಟ್ಟೆನಾ?’ ಅಂತ ಮಾತ್ರ ಬೇಡ. ‘ಅವತ್ತು ಏನಾಯ್ತು ಹೇಳು’ ಅನ್ನಿ, ಅವರು ಮುಗಿಸುವವರೆಗೂ ಮಧ್ಯೆ ಬಾಯಿ ಹಾಕಬೇಡಿ.