ಎಂಟು ವರ್ಷ ನೋಟ್ಸ್ ಬರೆದೋರು ಡೈರೆಕ್ಷನ್ ಮಾಡ್ಬಾರ್ದಾ?

ನಮಸ್ಕಾರ. ಎಂಟು ವರ್ಷದಿಂದ ಸ್ಕ್ರಿಪ್ಟ್ ಸೂಪರ್‌ವೈಸರ್, ಅಂದ್ರೆ ಒಂದು ಶಾಟಿಂದ ಇನ್ನೊಂದಕ್ಕೆ ಎಲ್ಲಾ ಹೊಂದೋ ಹಾಗೆ ಪ್ರತಿ ಟೇಕಿಗೂ ನೋಟ್ಸ್ ಬರೆಯೋರು, ಆಗಿದ್ದೀರಿ, ಡೈರೆಕ್ಷನ್ ಮಾಡ್ತೀನಿ ಅಂದ್ರೆ ಸೆಟ್ಟಲ್ಲಿ "ನಿಮ್ದು ಪೇಪರ್ ಕೆಲ್ಸ ಅಲ್ವಾ" ಅಂತ ನಗ್ತಾರೆ, ಅದ್ರ ಮೇಲೆ ಹೋದ ಸಂಚಿಕೆ ಸಂದರ್ಶನದಲ್ಲಿ "ಅಸಿಸ್ಟೆಂಟ್ ಡೈರೆಕ್ಟರ್ ಆಗ್ದೇ ಡೈರೆಕ್ಟರ್ ಆಗೋಕಾಗಲ್ಲ" ಅನ್ನೋ ಮಾತನ್ನ ನಾವು ಹಾಗೇ ಬಿಟ್ವಿ ಅಂತ ಬರ್ದಿದ್ದೀರಿ. ತಪ್ಪು ನಮ್ದೇ, ಅಲ್ಲೇ ತಡೆದು ಕೇಳ್ಬೇಕಿತ್ತು.

ಜೋನ್ ಟ್ಯೂಕ್ಸ್‌ಬರಿ ಅಂತ ಒಬ್ರಿದ್ದಾರೆ, 1971ರಲ್ಲಿ ಬಂದ ಹಾಲಿವುಡ್ ಡೈರೆಕ್ಟರ್ ರಾಬರ್ಟ್ ಆಲ್ಟ್‌ಮನ್ ಸಿನಿಮಾ 'ಮೆಕೇಬ್ ಅಂಡ್ ಮಿಸೆಸ್ ಮಿಲ್ಲರ್'ಗೆ ಸ್ಕ್ರಿಪ್ಟ್ ಸೂಪರ್‌ವೈಸರ್, ಆಮೇಲೆ ಆಲ್ಟ್‌ಮನ್ನೇ ಅವ್ರನ್ನ ನ್ಯಾಶ್‌ವಿಲ್ ಊರಿಗೆ ಕಳಿಸಿದ್ರು, ಅಲ್ಲಿ ಕಂಡಿದ್ದನ್ನೆಲ್ಲ ಡೈರಿ ಬರ್ಕೊಂಡು ಬಂದ್ರು, ಅದೇ 1975ರ 'ನ್ಯಾಶ್‌ವಿಲ್' ಸ್ಕ್ರಿಪ್ಟಿಗೆ ಬುನಾದಿ ಆಯ್ತು. 1979ರಲ್ಲಿ 'ಓಲ್ಡ್ ಬಾಯ್‌ಫ್ರೆಂಡ್ಸ್' ಡೈರೆಕ್ಟ್ ಮಾಡಿದ್ರು. ಲೆಕ್ಕ ಹಾಕಿ, ಅವ್ರಿಗೂ ಎಂಟೇ ವರ್ಷ. ಆದ್ರೆ ಮಧ್ಯದಲ್ಲಿ ಸ್ವಂತ ಬರವಣಿಗೆ ಇತ್ತು ನೋಡಿ.

ಸ್ಕ್ರಿಪ್ಟ್ ಕೈಲಿದ್ರೆ ಮಾತಿಗೆ ತೂಕ ಬೇರೇನೇ. ಹಾಲಿವುಡ್ ಬರಹಗಾರ ಪ್ರೆಸ್ಟನ್ ಸ್ಟರ್ಜಸ್ ತಮ್ಮ 'ದಿ ಗ್ರೇಟ್ ಮೆಕ್‌ಗಿಂಟಿ' ಸ್ಕ್ರಿಪ್ಟನ್ನ ಬರೀ ಹತ್ತು ಡಾಲರಿಗೆ ಕೊಟ್ರು, ಷರತ್ತು ಒಂದೇ, ಡೈರೆಕ್ಷನ್ ನಂದು ಅಂತ. 1940ರಲ್ಲಿ ಸಿನಿಮಾ ಬಂತು, ಸ್ಕ್ರಿಪ್ಟಿಗೆ ಆಸ್ಕರೂ ಬಂತು.

ಪೇಪರ್ ಕೆಲ್ಸ ಅನ್ನೋರು ನಿಮ್ಮ ಗೆರೆ ಎಳೆದ ಸ್ಕ್ರಿಪ್ಟನ್ನ ಒಂದ್ಸಲನೂ ನೋಡಿರಲ್ಲ ಬಿಡಿ. ಒಂದೊಂದು ಟೇಕಿಗೂ ಮೇಲಿಂದ ಕೆಳಗೆ ಒಂದು ಗೆರೆ, ಆ ಡೈಲಾಗ್ ಕ್ಯಾಮೆರಾ ಮುಂದೆ ಇದ್ರೆ ನೇರ, ಇಲ್ದಿದ್ರೆ ಅಂಕುಡೊಂಕು. ಒಬ್ರು ಇನ್ನೊಬ್ರಿಗೆ ಬೈಯೋ ಸೀನ್ ಅಂದ್ಕೊಳ್ಳಿ, ಸಂಜೆ ಆ ಹಾಳೆ ನೋಡಿದ್ರೆ, ಬೈಯೋರ ಮೇಲೆ ನಾಲ್ಕು ನೇರ ಗೆರೆ ಇದೆ, ಬೈಸ್ಕೊಳ್ಳೋರ ಮುಖ ಒಂದ್ಸಲನೂ ಶೂಟ್ ಆಗಿಲ್ಲ ಅನ್ನೋದು ಎಡಿಟರ್‌ಗಿಂತ ಮುಂಚೆ ನಿಮ್ಗೆ ಗೊತ್ತಾಗತ್ತೆ. ಇದು ಡೈರೆಕ್ಷನ್ ಅಲ್ದೆ ಇನ್ನೇನು?

ಈಗ ಸ್ವಲ್ಪ ಕಹಿ ಮಾತು, ಬೇಜಾರ್ ಮಾಡ್ಕೋಬೇಡಿ. ನಿಮ್ಮ ನಾಲ್ಕು ಪುಟದ ಪತ್ರದಲ್ಲಿ ಮೂರು ಪುಟ ನೀವು ಹಿಡಿದ ತಪ್ಪುಗಳೇ ಇವೆ, ಶರ್ಟ್ ಗುಂಡಿ, ಎಡಗೈಗೆ ಹೋದ ಲೋಟ, ಅರ್ಧ ಸುಟ್ಟ ಸಿಗರೇಟು. ಆ ಲೋಟದ ಟೇಕಲ್ಲಿ ನಟಿ ನಿಜವಾಗ್ಲೂ ಅತ್ರು ಅಂತ ನೀವೇ ಬರ್ದಿದ್ದೀರಿ, ಆದ್ರೂ ರೀಟೇಕ್ ಮಾಡ್ಸಿದ್ದಕ್ಕೆ ಹೆಮ್ಮೆ. ನಾನಾಗಿದ್ರೆ ಲೋಟ ಯಾವ ಕೈಲಾದ್ರೂ ಇರ್ಲಿ ಅಂತ ಆ ಟೇಕನ್ನೇ ಇಟ್ಕೋತಿದ್ದೆ. (ಹೇಳೋದು ಸುಲಭ, ನಾನು ಸಿನಿಮಾ ಮಾಡಿದೋನಲ್ಲ.) ನಿಮ್ಗೆ ಯಾವ ಸೀನ್ ತೆಗೀಬೇಕು ಅನ್ಸತ್ತೆ ಅನ್ನೋದಕ್ಕೆ ಮಾತ್ರ ಪತ್ರದಲ್ಲಿ ಒಂದು ಸಾಲೂ ಇಲ್ಲ.

ಮುಂದಿನ ಸಲ ಅದನ್ನೇ ಬರೀರಿ, ಒಂದೇ ಸೀನ್ ಆದ್ರೂ ಸಾಕು. ನಾಲ್ಕು ಪುಟ ಆದ್ರೂ ಓದ್ತೀನಿ.

– ಸಂ.